ವರ್ಷಗಟ್ಟಲೆ ಮುಗಿಯದ ಕ್ರಿಮಿನಲ್ ಕೇಸು: ಜಾಮೀನೋ, ಬೇಗ ಮುಗಿಸುವ ಆದೇಶವೋ, ಕ್ವಾಶೋ, ರಾಜಿಯೋ?

"ಕೇಸ್ ಹಾಕಿ ಒಂಬತ್ತು ವರ್ಷ ಆಯ್ತು, ಇನ್ನೂ ಒಬ್ಬ ಸಾಕ್ಷೀನೂ ಬಂದಿಲ್ಲ. ಹೈಕೋರ್ಟಿಗೆ ಹೋಗಿ ಕ್ವಾಶ್ ಮಾಡಿಸಬಹುದಾ?" ತಾರೀಖಿನಿಂದ ತಾರೀಖಿಗೆ ಅಲೆದು ಸುಸ್ತಾದವರು ಕೇಳುವ ಮೊದಲ ಪ್ರಶ್ನೆ ಇದು. ಕ್ವಾಶ್ ಎಂದರೆ ಹೈಕೋರ್ಟು ಕೇಸನ್ನೇ ರದ್ದು ಮಾಡುವುದು. ಜೈಲಿನಲ್ಲಿ ಇರುವವರ ಮನೆಯವರ ಪ್ರಶ್ನೆ ಬೇರೆ: "ಹೊರಗೆ ಯಾವಾಗ ಬರ್ತಾನೆ?" ಎರಡಕ್ಕೂ ಕಾನೂನಿನಲ್ಲಿ ದಾರಿಗಳಿವೆ. ಆದರೆ ಒಬ್ಬರನ್ನು ದಡ ಮುಟ್ಟಿಸಿದ ದಾರಿಯೇ ಇನ್ನೊಬ್ಬರನ್ನು ಮತ್ತೆ ಮೂರು ವರ್ಷ ಹಿಂದಕ್ಕೆ ತಳ್ಳುವುದುಂಟು.

ಮೊದಲು ಒಂದು ತಪ್ಪು ಕಲ್ಪನೆ ಬಿಡಬೇಕು. ಇಷ್ಟು ವರ್ಷವಾದರೆ ಕೇಸು ತಾನಾಗಿ ಬಿದ್ದುಹೋಗುತ್ತದೆ ಎಂಬ ನಿಯಮ ನಮ್ಮಲ್ಲಿಲ್ಲ. ತ್ವರಿತ ವಿಚಾರಣೆ ಸಂವಿಧಾನದ 21ನೇ ವಿಧಿಯೊಳಗಿನ ಹಕ್ಕು ಎಂದು ಸುಪ್ರೀಂ ಕೋರ್ಟ್ 1979ರಲ್ಲಿ ಹೇಳಿತು. ಬಿಹಾರದ ಜೈಲುಗಳಲ್ಲಿ ವಿಚಾರಣೆಯೇ ಇಲ್ಲದೆ ಕೊಳೆಯುತ್ತಿದ್ದವರ ಪರವಾಗಿ ಬಂದ ಹುಸೇನಾರಾ ಖಾತೂನ್ ಪ್ರಕರಣ ಅದು. 1996 ಮತ್ತು 1998ರ ತೀರ್ಪುಗಳು ಗಡುವನ್ನೂ ಹಾಕಿದವು. ಆ ಗಡುವನ್ನು ನಂಬಿ ಕರ್ನಾಟಕದ ವಿಶೇಷ ನ್ಯಾಯಾಲಯವೊಂದು ಆರೋಪಿಯನ್ನು ಖುಲಾಸೆ ಮಾಡಿತು. ಆ ವಿಷಯ ಮೇಲಕ್ಕೆ ಹೋದಾಗ, 2002ರಲ್ಲಿ, ಪಿ. ರಾಮಚಂದ್ರ ರಾವ್ ವಿರುದ್ಧ ಕರ್ನಾಟಕ ರಾಜ್ಯ ಪ್ರಕರಣದ ಏಳು ನ್ಯಾಯಮೂರ್ತಿಗಳ ಪೀಠ ಗಡುವುಗಳನ್ನೆಲ್ಲ ತೆಗೆದುಹಾಕಿತು. ಈಗ ನಿಂತಿರುವುದು 1992ರ ಎ.ಆರ್. ಅಂತುಳೆ ತೀರ್ಪಿನ ಕ್ರಮ: ವಿಳಂಬ ಎಷ್ಟು, ಯಾರಿಂದ, ಏಕೆ, ಅದರಿಂದ ಆರೋಪಿಗೆ ಆದ ಹಾನಿ ಏನು ಎಂದು ಕೇಸಿನಿಂದ ಕೇಸಿಗೆ ತೂಗಿ ನೋಡುವುದು.

ದಾರಿ ಆರಿಸುವ ಮೊದಲು

ಐದು ವಿಷಯ ಖಚಿತ ಮಾಡಿಕೊಳ್ಳಿ. ಆರೋಪಿ ಒಳಗಿದ್ದಾನೋ ಹೊರಗಿದ್ದಾನೋ. ಹಾಕಿರುವ ಕಲಮುಗಳಲ್ಲಿ ಗರಿಷ್ಠ ಶಿಕ್ಷೆ ಎಷ್ಟು, ಕೇಸು ನಡೆಯುವುದು ಮ್ಯಾಜಿಸ್ಟ್ರೇಟ್ ಮುಂದೋ ಸೆಷನ್ಸ್ ಕೋರ್ಟಿನಲ್ಲೋ. ಕೇಸು ಯಾವ ಹಂತದಲ್ಲಿದೆ: ಸಮನ್ಸ್, ಚಾರ್ಜ್ (ಆರೋಪ ನಿಗದಿ), ಸಾಕ್ಷ್ಯ, ವಾದ. ನಿಮಗೆ ಬೇಕಾದದ್ದು ಬಿಡುಗಡೆಯೋ, ಬೇಗ ತೀರ್ಪೋ, ಕೇಸೇ ಇಲ್ಲವಾಗುವುದೋ. ಐದನೆಯದು ಎಲ್ಲಕ್ಕಿಂತ ಮುಖ್ಯ: ವಿಳಂಬ ಯಾರ ಲೆಕ್ಕಕ್ಕೆ ಬೀಳುತ್ತದೆ.

ಅದಕ್ಕೆ ಉತ್ತರ ಇರುವುದು ಆರ್ಡರ್ ಶೀಟಿನಲ್ಲಿ, ಅಂದರೆ ಪ್ರತಿ ತಾರೀಖು ಕೋರ್ಟಿನಲ್ಲಿ ಏನಾಯಿತೆಂದು ಬರೆದಿಡುವ ಹಾಳೆಯಲ್ಲಿ. ಕೇಸಿನ 16 ಅಕ್ಷರಗಳ ಸಿಎನ್‌ಆರ್ ಸಂಖ್ಯೆ ಹಾಕಿದರೆ ಇ-ಕೋರ್ಟ್ಸ್ ಆ್ಯಪಿನಲ್ಲಿ ತಾರೀಖುಗಳೂ ಪ್ರತಿ ತಾರೀಖು ಯಾವುದಕ್ಕೆ ಇತ್ತೆಂಬುದೂ ಸಿಗುತ್ತವೆ. ಮೇಲಿನ ಕೋರ್ಟಿಗೆ ಮಾತ್ರ ಪೂರ್ತಿ ಆರ್ಡರ್ ಶೀಟಿನ ಪ್ರಮಾಣೀಕೃತ ನಕಲು ಬೇಕು. ನಕಲು ಕೈಗೆ ಬಂದ ಮೇಲೆ ಒಂದು ಹಾಳೆಯಲ್ಲಿ ಪ್ರತಿ ತಾರೀಖಿನ ಎದುರು ಮುಂದೂಡಿದ ಕಾರಣ ಬರೆಯಿರಿ. ಉದಾಹರಣೆಗೆ ಆರು ವರ್ಷದಲ್ಲಿ 46 ತಾರೀಖು ಬಿದ್ದ ಕೇಸು ಎಂದುಕೊಳ್ಳಿ. "ಸಾಕ್ಷಿ ಸಮನ್ಸ್ ಮರುಜಾರಿ" 14 ಸಲ. "ಎ-3 ಗೈರು, ಎನ್‌ಬಿಡಬ್ಲ್ಯೂ" (ಮೂರನೇ ಆರೋಪಿ ಬಂದಿಲ್ಲ, ಜಾಮೀನುರಹಿತ ವಾರಂಟ್) 9 ಸಲ. ನ್ಯಾಯಾಧೀಶರ ರಜೆ, ವರ್ಗಾವಣೆ 7. ಎಪಿಪಿ (ಸಹಾಯಕ ಸರ್ಕಾರಿ ಅಭಿಯೋಜಕರು) ಸಮಯ ಕೇಳಿದ್ದು 5. ವಕೀಲರ ಕಲಾಪ ಬಹಿಷ್ಕಾರ 3. ನಿಮ್ಮ ಗೈರುಹಾಜರಿ ಮತ್ತು ನಿಮ್ಮ ವಕೀಲರು ಸಮಯ ಕೇಳಿದ್ದು 8. ಈ ಹಾಳೆ ನೋಡಿದರೆ ಅರ್ಧ ದಾರಿ ತಾನಾಗಿ ಕಾಣುತ್ತದೆ. 14 ತಾರೀಖು ಪೊಲೀಸರ ಲೆಕ್ಕ. 9 ತಾರೀಖು ಇನ್ನೊಬ್ಬ ಆರೋಪಿಯದು, ಅದಕ್ಕೆ ವಿಚಾರಣಾ ಕೋರ್ಟಿನಲ್ಲೇ ಮದ್ದಿದೆ. 8 ನಿಮ್ಮದು. ಈ ಕೊನೆಯ ಅಂಕಿ 8ರ ಬದಲು 25 ಆಗಿದ್ದರೆ ಕ್ವಾಶ್ ಅರ್ಜಿಯ ಮಾತು ಬಿಡುವುದೇ ಒಳ್ಳೆಯದು.

ಇನ್ನೊಂದು ಗಮನಿಸಿ. 2024ರ ಜುಲೈ 1ಕ್ಕೆ ಮೊದಲೇ ಬಾಕಿಯಿದ್ದ ವಿಚಾರಣೆಗಳು ಹಳೆಯ ದಂಡ ಪ್ರಕ್ರಿಯಾ ಸಂಹಿತೆ (ಸಿಆರ್‌ಪಿಸಿ) ಪ್ರಕಾರವೇ ಮುಂದುವರಿಯುತ್ತವೆ, ಆಮೇಲಿನವಕ್ಕೆ ಅದರ ಬದಲು ಬಂದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆ (ಬಿಎನ್‌ಎಸ್‌ಎಸ್). ಆದ್ದರಿಂದ ಇಲ್ಲಿ ಎರಡೂ ಕಲಮು ಕೊಟ್ಟಿದೆ.

ವಿಚಾರಣಾ ಕೋರ್ಟಿನಲ್ಲೇ ಕೇಸನ್ನು ತಳ್ಳುವುದು

ಹೊರಗಿರುವ ಆರೋಪಿಗೆ ಇದು ಎಲ್ಲಕ್ಕಿಂತ ಅಗ್ಗದ ದಾರಿ. ಇದನ್ನೇ ಜನ ಹೆಚ್ಚಾಗಿ ಕೈಬಿಡುತ್ತಾರೆ. ಸಾಕ್ಷ್ಯ ಶುರುವಾದ ಮೇಲೆ ದಿನದಿಂದ ದಿನಕ್ಕೆ ನಡೆಸಬೇಕು, ಮುಂದೂಡಿದರೆ ಕಾರಣ ಬರೆಯಬೇಕು ಎಂದು ಸಿಆರ್‌ಪಿಸಿ 309 ಹೇಳುತ್ತದೆ. ಬಿಎನ್‌ಎಸ್‌ಎಸ್ 346 ಇನ್ನೂ ಬಿಗಿ: ಪಕ್ಷಕಾರರ ಕೈಮೀರಿದ ಕಾರಣವಿದ್ದರೂ ಎರಡಕ್ಕಿಂತ ಹೆಚ್ಚು ಮುಂದೂಡಿಕೆ ಇಲ್ಲ. ಕೋರ್ಟುಗಳ ಒತ್ತಡದಲ್ಲಿ ಇದು ಅಕ್ಷರಶಃ ನಡೆಯುವುದಿಲ್ಲ, ಆದರೆ ಕೇಳುವವರಿದ್ದರೆ ನಡೆಯುವ ಕೇಸೇ ಬೇರೆ.

ಸಾಕ್ಷಿ ಬರದಿದ್ದರೆ ಬಾಯಿಮಾತಿನಲ್ಲಿ ಹೇಳಿ ಬರಬೇಡಿ, ಮೆಮೊ (ಕೋರ್ಟಿಗೆ ಬರೆದುಕೊಡುವ ಸಣ್ಣ ಟಿಪ್ಪಣಿ) ಹಾಕಿಸಿ. ಅದರಲ್ಲಿ ಮೂರೇ ವಿಷಯ ಸಾಕು: ಈ ಸಾಕ್ಷಿಗೆ ಎಷ್ಟು ಸಲ ಸಮನ್ಸ್ ಹೋಗಿದೆ, ಆ ತಾರೀಖುಗಳಲ್ಲಿ ಆರೋಪಿ ಅಥವಾ ಅವನ ವಕೀಲರು ಸಿದ್ಧರಿದ್ದರು, ಮುಂದಿನ ಸಮನ್ಸನ್ನು ಎಸ್‌ಪಿ ಅಥವಾ ಡಿಸಿಪಿ ಮೂಲಕ ಜಾರಿ ಮಾಡಿಸಿ, ಬರದಿದ್ದರೆ ಆ ಸಾಕ್ಷಿಯನ್ನು ಕೈಬಿಡಿ. ಊರು ಬಿಟ್ಟ ವೈದ್ಯರು, ವರ್ಗವಾದ ತನಿಖಾಧಿಕಾರಿ ಇವರಿಗೆ ವಿಡಿಯೊ ಕಾನ್ಫರೆನ್ಸ್ ಕೇಳಿ. ತ್ವರಿತ ವಿಚಾರಣೆ ಕೇಳಲಿಲ್ಲ ಎಂಬ ಒಂದೇ ಕಾರಣಕ್ಕೆ ಹಕ್ಕು ಹೋಗುವುದಿಲ್ಲ ಎಂದು ಅಂತುಳೆ ತೀರ್ಪಿನಲ್ಲೇ ಇದೆ. ಆದರೂ ಕಡತದಲ್ಲಿ ಆರೇಳು ಮೆಮೊ ಇದ್ದರೆ ಮುಂದೆ ಜಾಮೀನು ಕೇಳಿದರೂ ಹೈಕೋರ್ಟಿಗೆ ಹೋದರೂ ಅವೇ ನಿಮ್ಮ ಪರ ಮಾತಾಡುತ್ತವೆ.

ಸಹ ಆರೋಪಿ ತಲೆಮರೆಸಿಕೊಂಡಿದ್ದರೆ ಸ್ಪ್ಲಿಟ್-ಅಪ್ ಕೇಳಿ. ಸಿಆರ್‌ಪಿಸಿ 317(2), ಬಿಎನ್‌ಎಸ್‌ಎಸ್ 355(2) ಪ್ರಕಾರ ಗೈರಾದವನ ಕೇಸನ್ನು ಬೇರ್ಪಡಿಸಿ ಹಾಜರಿರುವವರ ವಿಚಾರಣೆ ಮುಂದುವರಿಸಬಹುದು. ಎನ್‌ಬಿಡಬ್ಲ್ಯೂ ಎರಡು ಮೂರು ಸಲ ಜಾರಿಯಾಗದೆ ವಾಪಸು ಬಂದಾಗಲೇ ಈ ಅರ್ಜಿ ಹಾಕಬೇಕು. "ಇವತ್ತಲ್ಲ ನಾಳೆ ಸಿಕ್ತಾನೆ" ಎಂದು ಕಾದು ನಾಲ್ಕು ವರ್ಷ ಕಳೆದವರು ಬಹಳ ಜನ.

ನೀವೇ ವಿಳಂಬದ ಲೆಕ್ಕಕ್ಕೆ ಸೇರುವುದು ಎರಡು ಕಡೆ. ಒಂದು, ಹಾಜರಿ ವಿನಾಯಿತಿ ಅರ್ಜಿ. ಅದರಲ್ಲಿ "ಆರೋಪಿಯ ಗುರುತಿನ ಬಗ್ಗೆ ತಕರಾರಿಲ್ಲ, ಗೈರಿನಲ್ಲೇ ಸಾಕ್ಷ್ಯ ದಾಖಲಿಸಲು ಒಪ್ಪಿಗೆ ಇದೆ, ಪಾಟಿ ಸವಾಲಿಗೆ ವಕೀಲರು ಸಿದ್ಧ" ಎಂದು ಒಂದು ಸಾಲು ಸೇರಿಸಿದರೆ ಅವತ್ತಿನ ತಾರೀಖು ನಿಮ್ಮಿಂದ ಹಾಳಾಯಿತು ಎನ್ನಲು ಬರುವುದಿಲ್ಲ. ಎರಡು, ಪಾಟಿ ಸವಾಲು. ಸಾಕ್ಷಿ ಬಂದ ದಿನ ವಕೀಲರು ಇಲ್ಲದೆ "ಕ್ರಾಸ್ ನಿಲ್" (ಪಾಟಿ ಸವಾಲು ಇಲ್ಲ) ಎಂದು ದಾಖಲಾಗಿ, ಆಮೇಲೆ ಸಾಕ್ಷಿಯನ್ನು ಮತ್ತೆ ಕರೆಸಲು ಅರ್ಜಿ ಹಾಕಿದರೆ ಅಲ್ಲಿಂದ ಹೋಗುವ ತಿಂಗಳುಗಳೆಲ್ಲ ನಿಮ್ಮವೇ.

ಜೈಲಿನಲ್ಲಿದ್ದರೆ: ಮೂರು ಬಗೆಯ ಜಾಮೀನು

ಒಳಗಿರುವವರು ಉಳಿದ ದಾರಿಗಳನ್ನು ಆಮೇಲೆ ನೋಡಬೇಕು, ಮೊದಲು ಜಾಮೀನು. ವಿಳಂಬದ ಮೇಲೆ ನಿಲ್ಲುವ ಜಾಮೀನು ಮೂರು ಬಗೆ. ಯಾವುದು ಮೊದಲು ಕೈಗೆ ಸಿಗುತ್ತದೆ ಎಂಬುದನ್ನು ಲೆಕ್ಕ ಹಾಕಿ ನೋಡಬೇಕು.

ಹೆಚ್ಚು ಜನ ಮರೆಯುವುದು ಸಿಆರ್‌ಪಿಸಿ 437(6), ಬಿಎನ್‌ಎಸ್‌ಎಸ್ 480(6). ಮ್ಯಾಜಿಸ್ಟ್ರೇಟ್ ವಿಚಾರಣೆ ನಡೆಸುವ ಜಾಮೀನುರಹಿತ ಅಪರಾಧ, ಸಾಕ್ಷ್ಯಕ್ಕೆ ಗೊತ್ತುಮಾಡಿದ ಮೊದಲ ತಾರೀಖಿನಿಂದ 60 ದಿನದೊಳಗೆ ವಿಚಾರಣೆ ಮುಗಿದಿಲ್ಲ, ಅಷ್ಟೂ ದಿನ ಆರೋಪಿ ಒಳಗೇ ಇದ್ದ ಎಂದಾದರೆ ಜಾಮೀನು ಕೊಡಬೇಕು. ನಿರಾಕರಿಸಿದರೆ ಕಾರಣ ಬರೆಯಬೇಕು. ಲೆಕ್ಕ ಶುರುವಾಗುವುದು ಬಂಧನದ ದಿನದಿಂದಲ್ಲ, ಚಾರ್ಜ್‌ಶೀಟಿನ ದಿನದಿಂದಲೂ ಅಲ್ಲ. ಹಾಗಾಗಿ ಚಾರ್ಜ್ ಬೇಗ ಆಗಲಿ ಎಂದು ಒತ್ತಾಯಿಸುವುದರಲ್ಲಿ ಆರೋಪಿಗೇ ಲಾಭವಿದೆ.

ಎರಡನೆಯದು ಸಿಆರ್‌ಪಿಸಿ 436-ಎ, ಈಗಿನ ಬಿಎನ್‌ಎಸ್‌ಎಸ್ 479. ಗರಿಷ್ಠ ಶಿಕ್ಷೆಯ ಅರ್ಧದಷ್ಟು ಕಾಲ ಒಳಗೆ ಕಳೆದಿದ್ದರೆ ಜಾಮೀನು. ಹಿಂದೆ ಯಾವ ಕೇಸಿನಲ್ಲೂ ಶಿಕ್ಷೆಯಾಗದವರಿಗೆ ಮೂರನೇ ಒಂದು ಭಾಗ ಸಾಕು. ಈ ರಿಯಾಯಿತಿ ಹಳೆಯ ಕೇಸುಗಳ ಕೈದಿಗಳಿಗೂ ಅನ್ವಯಿಸುತ್ತದೆ ಎಂದು ಸುಪ್ರೀಂ ಕೋರ್ಟ್ 2024ರ ಆಗಸ್ಟಿನಲ್ಲಿ ಸ್ಪಷ್ಟಪಡಿಸಿದೆ. ವಂಚನೆಯ ಐಪಿಸಿ 420 ತೆಗೆದುಕೊಳ್ಳಿ, ಗರಿಷ್ಠ 7 ವರ್ಷ. ಮೊದಲ ಸಲದವರಿಗೆ 2 ವರ್ಷ 4 ತಿಂಗಳು, ಉಳಿದವರಿಗೆ 3 ವರ್ಷ 6 ತಿಂಗಳು. ಆರೋಪಿಯಿಂದಲೇ ಆದ ವಿಳಂಬವನ್ನು ಇದರಿಂದ ಕಳೆಯುತ್ತಾರೆ. ಅವಧಿ ಮುಗಿದಾಗ ಅರ್ಜಿ ಹಾಕುವ ಹೊಣೆ ಜೈಲಿನ ಸೂಪರಿಂಟೆಂಡೆಂಟರ ಮೇಲೂ ಇದೆ. ಮನೆಯವರು ಒಂದು ಮನವಿ ಬರೆದುಕೊಟ್ಟು ಸ್ವೀಕೃತಿ ಪಡೆದರೆ ಕೆಲಸ ಬೇಗ ಆಗುತ್ತದೆ.

ಎಡವುವುದು ಎಲ್ಲಿ? ಮರಣದಂಡನೆ ಅಥವಾ ಜೀವಾವಧಿ ಶಿಕ್ಷೆಗಳಲ್ಲಿ ಒಂದಾಗಿ ಇರುವ ಕಲಮು ಸೇರಿದ್ದರೆ 479 ಸಿಗದು. ಒಂದಕ್ಕಿಂತ ಹೆಚ್ಚು ಅಪರಾಧ ಅಥವಾ ಕೇಸು ಬಾಕಿ ಇದ್ದರೂ 479(2) ಅಡ್ಡ ಬರುತ್ತದೆ. ಸರಣಿ ಕಳ್ಳತನದ ಕೇಸುಗಳಲ್ಲಿ ಸಿಕ್ಕಿಬಿದ್ದ ಬಡ ಹುಡುಗರಿಗೆ ಪೆಟ್ಟು ಬೀಳುವುದು ಇಲ್ಲೇ. ಹಣಕಾಸಿನ ಕೇಸುಗಳಲ್ಲಿ 420ರ ಜೊತೆಗೆ ಐಪಿಸಿ 409 (ನಂಬಿಕೆ ದ್ರೋಹ) ಅಥವಾ 467 (ಬೆಲೆಬಾಳುವ ಪತ್ರದ ಫೋರ್ಜರಿ) ಸೇರಿಸಿರುತ್ತಾರೆ. ಎರಡಕ್ಕೂ ಜೀವಾವಧಿಯವರೆಗೆ ಶಿಕ್ಷೆ ಇರುವುದರಿಂದ 479ರ ಬಾಗಿಲು ಮುಚ್ಚಿತು. ಆದರೆ ಆ ಎರಡೂ ಕಲಮುಗಳ ವಿಚಾರಣೆ ನಡೆಸುವುದು ಪ್ರಥಮ ದರ್ಜೆ ಮ್ಯಾಜಿಸ್ಟ್ರೇಟರೇ. ಅಂದರೆ 60 ದಿನದ ಬಾಗಿಲು ತೆರೆದೇ ಇದೆ! ಇದನ್ನು ಕೇಳದೆ ವರ್ಷಗಟ್ಟಲೆ ಒಳಗೆ ಕೂರುವುದು ಅನ್ಯಾಯ.

ಕೊಲೆ, ಎನ್‌ಡಿಪಿಎಸ್ (ಮಾದಕ ವಸ್ತು), ಪಿಎಂಎಲ್‌ಎ (ಅಕ್ರಮ ಹಣ ವರ್ಗಾವಣೆ), ಯುಎಪಿಎ (ಭಯೋತ್ಪಾದನೆ ತಡೆ) ಕೇಸುಗಳಿಗೆ ಮೂರನೇ ಬಗೆ: ದೀರ್ಘ ಬಂಧನವನ್ನೇ ಆಧಾರ ಮಾಡಿಕೊಂಡ ಸಾಮಾನ್ಯ ಜಾಮೀನು. ಯುಎಪಿಎ ಕಾಯಿದೆ ಜಾಮೀನಿಗೆ ಬಿಗಿ ಹಾಕಿದ್ದರೂ ಸಂವಿಧಾನಾತ್ಮಕ ನ್ಯಾಯಾಲಯಗಳ ಅಧಿಕಾರ ಹೋಗಿಲ್ಲ ಎಂದು 2021ರ ಕೆ.ಎ. ನಜೀಬ್ ತೀರ್ಪು ಹೇಳಿತು. ಅಲ್ಲಿ ಆರೋಪಿ ಐದು ವರ್ಷಕ್ಕೂ ಹೆಚ್ಚು ಒಳಗಿದ್ದ, ಇನ್ನೂ 276 ಸಾಕ್ಷಿಗಳು ಬಾಕಿ ಇದ್ದರು. 2024ರ ಆಗಸ್ಟಿನಲ್ಲಿ ಮನೀಶ್ ಸಿಸೋಡಿಯಾ ಅವರಿಗೆ ಜಾಮೀನು ಸಿಕ್ಕಿದ್ದೂ ಇದೇ ತರ್ಕದಲ್ಲಿ: 17 ತಿಂಗಳ ಬಂಧನ, 493 ಸಾಕ್ಷಿಗಳು. ಆದರೆ 2024ರ ಫೆಬ್ರವರಿಯಲ್ಲಿ ಗುರ್ವಿಂದರ್ ಸಿಂಗ್ ಪ್ರಕರಣದಲ್ಲಿ ಯುಎಪಿಎ ಆರೋಪಿಗೆ ಜಾಮೀನು ನಿರಾಕರಣೆಯೂ ಆಗಿದೆ. ಆದ್ದರಿಂದ ಅರ್ಜಿಯಲ್ಲಿ "ತುಂಬಾ ವರ್ಷ ಆಯಿತು" ಎಂದು ಬರೆದರೆ ಸಾಲದು. ಚಾರ್ಜ್‌ಶೀಟಿನಲ್ಲಿ ಎಷ್ಟು ಸಾಕ್ಷಿ, ಈವರೆಗೆ ಎಷ್ಟು ಮುಗಿದಿದೆ, ಕಳೆದ ಹನ್ನೆರಡು ತಿಂಗಳಲ್ಲಿ ಎಷ್ಟು, ಈ ವೇಗದಲ್ಲಿ ಮುಗಿಯಲು ಇನ್ನೆಷ್ಟು ವರ್ಷ ಎಂಬ ಅಂಕಿ ಇರಬೇಕು. ಮೊದಲ ಅರ್ಜಿ ವಜಾ ಆಗಿದ್ದರೂ, ಆಮೇಲೆ ಕಳೆದ ಕಾಲವನ್ನು ಬದಲಾದ ಸನ್ನಿವೇಶವಾಗಿ ತೋರಿಸಿ ಮತ್ತೆ ಕೇಳಬಹುದು.

ಜಾಮೀನು ಸಿಕ್ಕರೂ ಹೊರಗೆ ಬರಲಾಗದವರಿದ್ದಾರೆ, ಶ್ಯೂರಿಟಿಗೆ ಪಹಣಿ ಇರುವವರು ಸಿಗುವುದಿಲ್ಲ. ಬಾಂಡಿನ ಮೊತ್ತ ಅತಿಯಾಗಬಾರದು ಎಂದು ಸಿಆರ್‌ಪಿಸಿ 440, ಬಿಎನ್‌ಎಸ್‌ಎಸ್ 484 ಹೇಳುತ್ತವೆ, ಇಳಿಸಲು ಅರ್ಜಿ ಹಾಕಬಹುದು. ಆದೇಶವಾಗಿ ಏಳು ದಿನದಲ್ಲಿ ಬಿಡುಗಡೆ ಆಗದಿದ್ದರೆ ಜೈಲಿನವರು ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರಕ್ಕೆ ತಿಳಿಸಬೇಕು, ಒಂದು ತಿಂಗಳಲ್ಲಿ ಶ್ಯೂರಿಟಿ ಸಿಗದಿದ್ದರೆ ಕೋರ್ಟೇ ಷರತ್ತು ಸಡಿಲಿಸುವುದನ್ನು ಪರಿಶೀಲಿಸಬಹುದು ಎಂದು ಸುಪ್ರೀಂ ಕೋರ್ಟ್ 2023ರ ಜನವರಿ 31ರಂದು ನಿರ್ದೇಶನ ಕೊಟ್ಟಿದೆ. ಬಂಧನದಲ್ಲಿರುವ ಯಾರಿಗೇ ಆಗಲಿ ಆದಾಯ ನೋಡದೆ ಉಚಿತ ವಕೀಲರು ಸಿಗುತ್ತಾರೆ, ಸಹಾಯವಾಣಿ 15100.

ಹೈಕೋರ್ಟಿನಿಂದ "ಇಷ್ಟು ತಿಂಗಳಲ್ಲಿ ಮುಗಿಸಿ" ಎಂಬ ಆದೇಶ

ಹೊರಗಿದ್ದು, ನಿರಪರಾಧಿ ಎಂಬ ತೀರ್ಪೇ ಬೇಕೆನ್ನುವವರಿಗೆ ಇದು ಹಿತವಾದ ದಾರಿ. ಕ್ವಾಶ್‌ಗಿಂತ ಸುಲಭ, ಏಕೆಂದರೆ ಸರ್ಕಾರಿ ವಕೀಲರಿಗೂ ವಿರೋಧಿಸಲು ದೊಡ್ಡ ಕಾರಣವಿರುವುದಿಲ್ಲ. ಬೆಳಗಾವಿ ಕಡೆಯವರು ಧಾರವಾಡ ಪೀಠಕ್ಕೆ, ಬೀದರ್ ಕಡೆಯವರು ಕಲಬುರಗಿ ಪೀಠಕ್ಕೆ ಹೋಗಬಹುದು, ಬೆಂಗಳೂರಿಗೆ ಬರಬೇಕಿಲ್ಲ. ಕೋರ್ಟ್ ಶುಲ್ಕ ಅತ್ಯಲ್ಪ, ಖರ್ಚೆಲ್ಲ ವಕೀಲರ ಫೀಸಿನದು.

2024ರ ಫೆಬ್ರವರಿ 29ರಂದು ಸುಪ್ರೀಂ ಕೋರ್ಟಿನ ಐವರು ನ್ಯಾಯಮೂರ್ತಿಗಳ ಪೀಠ ಒಂದು ಮಾತು ಹೇಳಿದೆ: ಕೆಳಗಿನ ಕೋರ್ಟುಗಳಿಗೆ ಗಡುವು ಹಾಕುವುದನ್ನು ಸಾಮಾನ್ಯವಾಗಿ ಮಾಡಬಾರದು, ಅಸಾಧಾರಣ ಸನ್ನಿವೇಶಕ್ಕೆ ಮೀಸಲಿಡಬೇಕು. ಎಲ್ಲರಿಗೂ ಗಡುವು ಕೊಟ್ಟರೆ ಸರತಿಯಲ್ಲಿ ಹಿಂದಿದ್ದವರು ಮುಂದೆ ಬರುತ್ತಾರೆ, ಹೈಕೋರ್ಟಿಗೆ ಹೋಗಲಾಗದ ಬಡವರು ಇನ್ನೂ ಹಿಂದೆ ಬೀಳುತ್ತಾರೆ ಎಂಬುದು ನ್ಯಾಯವಾದ ಆತಂಕವೇ. ಹಾಗಾಗಿ ನಿಮ್ಮ ಕೇಸು ಏಕೆ ಬೇರೆ ಎಂದು ತೋರಿಸಬೇಕು: ಆರೋಪಿಗೆ 70 ದಾಟಿದೆ, ಬಡ್ತಿ ಅಥವಾ ಪಿಂಚಣಿ ತಡೆಹಿಡಿದಿದೆ, ಕಾಯಿಲೆ ಇದೆ, ಹಾಕಿದ ಮೆಮೊಗಳಿಗೆ ಫಲ ಸಿಕ್ಕಿಲ್ಲ.

ಈ ಆದೇಶಕ್ಕೆ ಎರಡು ಅಲಗು. ಗಡುವು ಬಿದ್ದ ಮೇಲೆ ವಾರಕ್ಕೊಂದು ತಾರೀಖು ಬರುತ್ತದೆ, ಆಗ ನಿಮ್ಮ ವಕೀಲರು ಸಮಯ ಕೇಳುವಂತಿಲ್ಲ, ನಿಮ್ಮ ಕಡೆಯ ಸಾಕ್ಷಿಗಳೂ ದಾಖಲೆಗಳೂ ಸಿದ್ಧವಿರಬೇಕು. ಸಿದ್ಧತೆ ಇಲ್ಲದೆ ಅವಸರ ಮಾಡಿ ಶಿಕ್ಷೆಗೆ ಗುರಿಯಾಗುವ ಅಪಾಯ ನಿಜವಾದದ್ದು.

ವಿಳಂಬದ ಆಧಾರದ ಮೇಲೆ ಕ್ವಾಶ್

ಸಿಆರ್‌ಪಿಸಿ 482, ಬಿಎನ್‌ಎಸ್‌ಎಸ್ 528. ಗೆದ್ದರೆ ಕೇಸೇ ಇಲ್ಲ, ಆದ್ದರಿಂದ ಎಲ್ಲರ ಕಣ್ಣೂ ಇದರ ಮೇಲೆ. ಗೆಲ್ಲುವ ಕೇಸುಗಳ ರೂಪವೇ ಬೇರೆ. 1981ರ ಲಂಚದ ಆರೋಪದ ಕೇಸನ್ನು ಸುಪ್ರೀಂ ಕೋರ್ಟ್ 2009ರಲ್ಲಿ, ವಕೀಲ್ ಪ್ರಸಾದ್ ಸಿಂಗ್ ಪ್ರಕರಣದಲ್ಲಿ, ರದ್ದು ಮಾಡಿತು. ಅಲ್ಲಿ ಪ್ರಾಸಿಕ್ಯೂಷನ್ ವರ್ಷಗಟ್ಟಲೆ ಕೈಕಟ್ಟಿ ಕೂತಿತ್ತು, ಅದಕ್ಕೆ ವಿವರಣೆಯೂ ಇರಲಿಲ್ಲ. ಮೂರೂ ಒಟ್ಟಿಗೆ ಇರಬೇಕು: ದಶಕಗಳ ಲೆಕ್ಕದ ವಿಳಂಬ, ಅದರಲ್ಲಿ ಆರೋಪಿಯ ಪಾಲು ಹೆಚ್ಚಿಲ್ಲದಿರುವುದು, ಮತ್ತು ಹಾನಿ. ಹಾನಿ ಎಂದರೆ ಬರೀ ಮಾನಸಿಕ ನೋವಲ್ಲ. ನಿಮ್ಮ ಪರ ಹೇಳಬೇಕಿದ್ದ ಸಾಕ್ಷಿ ತೀರಿಹೋಗಿದ್ದಾನೆ, ಕಚೇರಿ ಕಡತ ನಾಶವಾಗಿದೆ, ಆಸ್ಪತ್ರೆಯ ರಿಜಿಸ್ಟರ್ ಸಿಗುವುದಿಲ್ಲ ಎಂಬಂಥದ್ದು, ಅದಕ್ಕೆ ಪತ್ರದ ಪುರಾವೆಯೊಂದಿಗೆ. ಕೊಲೆ, ಅತ್ಯಾಚಾರದಂಥ ಆರೋಪಗಳಲ್ಲಿ ಕೋರ್ಟು ಕ್ವಾಶ್ ಬದಲು ಬೇಗ ಮುಗಿಸಿ ಎನ್ನುವುದೇ ಹೆಚ್ಚು. ಅಂತುಳೆ ತೀರ್ಪೂ ಆ ಆಯ್ಕೆಯನ್ನು ಕೊಟ್ಟಿದೆ.

ದೊಡ್ಡ ಅಪಾಯ ತಡೆಯಾಜ್ಞೆ. ಕ್ವಾಶ್ ಅರ್ಜಿಯೊಂದಿಗೆ ಸ್ಟೇ ತಂದು ಮೂರು ವರ್ಷ ನೆಮ್ಮದಿಯಿಂದ ಇದ್ದು, ಕೊನೆಗೆ ಅರ್ಜಿ ವಜಾ ಆದರೆ, ಆ ಮೂರು ವರ್ಷ ನಿಮ್ಮ ಖಾತೆಗೇ ಬೀಳುತ್ತದೆ. ಆರು ತಿಂಗಳಿಗೆ ಸ್ಟೇ ತಾನಾಗಿ ತೆರವಾಗುತ್ತಿದ್ದ 2018ರ ನಿಯಮವನ್ನೂ ಮೇಲೆ ಹೇಳಿದ 2024ರ ಪೀಠವೇ ತೆಗೆದಿದೆ. ನಮ್ಮ ಸಲಹೆ: ಕ್ವಾಶ್ ಕೇಳುವಾಗ ಪರ್ಯಾಯವಾಗಿ ಶೀಘ್ರ ವಿಲೇವಾರಿಯ ಪ್ರಾರ್ಥನೆಯನ್ನೂ ಅದೇ ಅರ್ಜಿಯಲ್ಲಿ ಸೇರಿಸಿ, ಬರಿಗೈಯಲ್ಲಿ ವಾಪಸು ಬರುವುದು ತಪ್ಪುತ್ತದೆ.

ಸಣ್ಣ ಕೇಸಾದರೆ ಹೈಕೋರ್ಟಿಗೆ ಮೊದಲು ಸಿಆರ್‌ಪಿಸಿ 258, ಬಿಎನ್‌ಎಸ್‌ಎಸ್ 281 ನೋಡಿ. ಪೊಲೀಸರು ಹಾಕಿದ ಸಮನ್ಸ್ ಕೇಸನ್ನು ಪ್ರಥಮ ದರ್ಜೆ ಮ್ಯಾಜಿಸ್ಟ್ರೇಟರು ತಾವೇ ನಿಲ್ಲಿಸಬಹುದು, ಬೇರೆ ನ್ಯಾಯಿಕ ಮ್ಯಾಜಿಸ್ಟ್ರೇಟರಾದರೆ ಮುಖ್ಯ ನ್ಯಾಯಿಕ ಮ್ಯಾಜಿಸ್ಟ್ರೇಟರ (ಸಿಜೆಎಂ) ಪೂರ್ವಾನುಮತಿ ಬೇಕು. ಖಾಸಗಿ ದೂರಿನ ಕೇಸಿಗೆ ಇದು ಇಲ್ಲ.

ರಾಜಿ, ಪ್ಲೀ ಬಾರ್ಗೇನಿಂಗ್, "ಒಪ್ಪಿಕೊಂಡು ಫೈನ್ ಕಟ್ಟಿ"

ಮೂರೂ ಕೇಸು ಮುಗಿಸುತ್ತವೆ, ಆದರೆ ದಾಖಲೆಯಲ್ಲಿ ಉಳಿಸುವ ಗುರುತು ಬೇರೆ ಬೇರೆ. ಸಿಆರ್‌ಪಿಸಿ 320, ಬಿಎನ್‌ಎಸ್‌ಎಸ್ 359ರ ರಾಜಿಗೆ ಖುಲಾಸೆಯ ಪರಿಣಾಮ ಇದೆ, ಲೋಕ ಅದಾಲತ್‌ನಲ್ಲೂ ಮಾಡಿಕೊಳ್ಳಬಹುದು. 498-ಎ (ಗಂಡನ ಮನೆಯ ಕಿರುಕುಳ) ಥರದ ರಾಜಿಗೆ ಬರದ ಕಲಮು ಇದ್ದು ಎರಡೂ ಮನೆಯವರು ಒಪ್ಪಿದ್ದರೆ ಹೈಕೋರ್ಟಿನಲ್ಲಿ ರಾಜಿಯ ಆಧಾರದ ಕ್ವಾಶ್ ಸಿಗುತ್ತದೆ. 2012ರ ಗ್ಯಾನ್ ಸಿಂಗ್ ತೀರ್ಪು ಅದರ ಎಲ್ಲೆ ಹಾಕಿದೆ: ಕೊಲೆ, ಅತ್ಯಾಚಾರ, ಡಕಾಯಿತಿ, ಭ್ರಷ್ಟಾಚಾರಕ್ಕೆ ಇಲ್ಲ. ವಿಳಂಬದ ಕ್ವಾಶ್‌ಗಿಂತ ಇದು ಎಷ್ಟೋ ಖಚಿತ.

ಪ್ಲೀ ಬಾರ್ಗೇನಿಂಗ್, ಅಂದರೆ ತಪ್ಪೊಪ್ಪಿಕೊಂಡು ಕಡಿಮೆ ಶಿಕ್ಷೆಗೆ ಮಾಡಿಕೊಳ್ಳುವ ಒಪ್ಪಂದ, ಗರಿಷ್ಠ 7 ವರ್ಷದವರೆಗಿನ ಶಿಕ್ಷೆಯ ಅಪರಾಧಗಳಿಗೆ, ಮಹಿಳೆಯರ ಮತ್ತು 14ರೊಳಗಿನ ಮಕ್ಕಳ ವಿರುದ್ಧದವನ್ನು ಬಿಟ್ಟು. ಹೊಸ ಕಾನೂನಿನಲ್ಲಿ ಚಾರ್ಜ್ ಆದ 30 ದಿನದೊಳಗೆ ಅರ್ಜಿ ಹಾಕಬೇಕು. ಹಳೆಯ ಸಿಆರ್‌ಪಿಸಿ ಕೇಸುಗಳಿಗೆ ಆ ಮಿತಿ ಇಲ್ಲ. ಶಿಕ್ಷೆ ಕಡಿಮೆಯಾಗುತ್ತದೆ, ಒಳಗೆ ಕಳೆದ ದಿನಗಳೂ ಅದರಲ್ಲಿ ವಜಾ ಆಗುತ್ತವೆ. ಆದರೆ ಅದು ಅಪರಾಧ ನಿರ್ಣಯವೇ. ಆಗಲೇ ವರ್ಷ ಒಳಗಿದ್ದವರಿಗೆ ಇದು ದಾರಿಯಾಗಬಹುದು, ಸರ್ಕಾರಿ ನೌಕರಿಗೋ ವಿದೇಶಕ್ಕೋ ಕಾದಿರುವ ಹುಡುಗನಿಗೆ ಬೇಡ. ಕೋರ್ಟಿನ ಪಡಸಾಲೆಯಲ್ಲಿ ಯಾರೋ "ಒಪ್ಪಿಕೊಂಡು ಫೈನ್ ಕಟ್ಟಿ ಹೋಗಿ" ಎಂದರೂ ಅದೇ ಮಾತು. ಒಪ್ಪಿಕೊಳ್ಳಲೇಬೇಕಾಗಿ ಬಂದರೆ 1958ರ ಅಪರಾಧಿಗಳ ಪರಿವೀಕ್ಷಣಾ (ಪ್ರೊಬೇಷನ್) ಕಾಯಿದೆಯ ಲಾಭ ಕೊಡಿ ಎಂದು ಕೇಳಿ. ಅದರ 12ನೇ ಕಲಮು ಅಪರಾಧ ನಿರ್ಣಯದಿಂದ ಬರುವ ಅನರ್ಹತೆಯನ್ನು ತಪ್ಪಿಸುತ್ತದೆ.

ಕೇಸು ಮುಗಿಯದೆಯೂ ಬದುಕು ನಡೆಯಬೇಕಾದವರು

ಕರಾವಳಿಯ ಎಷ್ಟೋ ಮನೆಗಳಲ್ಲಿ ನಿಜವಾದ ತೊಂದರೆ ಕೇಸಲ್ಲ, ಪಾಸ್‌ಪೋರ್ಟ್. ಗಲ್ಫ್‌ನಲ್ಲಿ ಕೆಲಸ, ಊರಲ್ಲಿ ಹಳೆಯ ಹೊಡೆದಾಟದ ಕೇಸು, ನವೀಕರಣಕ್ಕೆ ತಡೆ. ಇದಕ್ಕಾಗಿ ಕ್ವಾಶ್‌ಗೆ ಓಡಬೇಕಿಲ್ಲ. ಕೇಸು ನಡೆಯುತ್ತಿರುವ ಕೋರ್ಟು ಅನುಮತಿ ಕೊಟ್ಟರೆ 1993ರ ಆಗಸ್ಟ್ 25ರ ಅಧಿಸೂಚನೆಯಂತೆ ಪಾಸ್‌ಪೋರ್ಟ್ ಕೊಡಬಹುದು. ಆದೇಶದಲ್ಲಿ ಅವಧಿ ಬರೆದಿಲ್ಲದಿದ್ದರೆ ಸಿಗುವುದು ಒಂದೇ ವರ್ಷದ್ದು. ಆದ್ದರಿಂದ ಅರ್ಜಿಯ ಪ್ರಾರ್ಥನೆಯಲ್ಲೇ ಎಷ್ಟು ವರ್ಷಕ್ಕೆ ಬೇಕು ಎಂದು ಬರೆಸಿ, ಉದ್ಯೋಗದ ಪತ್ರ ಲಗತ್ತಿಸಿ, ಜೊತೆಗೇ ಹಾಜರಿ ವಿನಾಯಿತಿಯನ್ನೂ ವಕೀಲರ ಮೂಲಕ ವಿಚಾರಣೆ ನಡೆಸಲು ಒಪ್ಪಿಗೆಯನ್ನೂ ಸಲ್ಲಿಸಿ. ಆದೇಶ ಬಂದ ದಿನವೇ ಅವಧಿಯ ಸಾಲು ಇದೆಯೇ ಎಂದು ಓದಿ ನೋಡಿ, ಇಲ್ಲದಿದ್ದರೆ ತಿದ್ದುಪಡಿಗೆ ಅವತ್ತೇ ಕೇಳಿ.